ಗೆರೆಯಾಚೆ ನಿಲ್ಲಲಿರುವ ತಮ್ಮನಿಗೆ

ಪ್ರೀತಿಯ ತಮ್ಮಾ,

ಮೊನ್ನೆ ರಾತ್ರಿ ನೀನು ಫೋನು ಮಾಡಿದಾಗ ನಾನು ಸರಿಯಾಗಿ ಉತ್ತರ ಕೊಡಲಿಲ್ಲ. ಮನೆ ತುಂಬ ನೆಂಟರು, ಊಟದ ಹೊತ್ತು. "ಸರ್, ಈ ಮೊಣಕಾಲು ಇನ್ನು ಮಾತು ಕೇಳೋ ಹಾಗಿಲ್ಲ. ಕೋಚಿಂಗಿಗೆ ಬಂದುಬಿಡಲಾ?" ಎಂದೆ ನೀನು. "ಆಗಲಿ, ನೋಡೋಣ" ಎಂದಷ್ಟೇ ಹೇಳಿ ನಾನು ಫೋನಿಟ್ಟೆ. ಹಾಸಿಗೆಗೆ ಹೋದಮೇಲೂ ನಿನ್ನ ಆ 'ಬಂದುಬಿಡಲಾ' ನನ್ನನ್ನು ಬಿಡಲಿಲ್ಲ. ರೈಲಿನಲ್ಲಿ ಒಂದು ಬೋಗಿಯಿಂದ ಪಕ್ಕದ ಬೋಗಿಗೆ ದಾಟಿದಷ್ಟು ಸಲೀಸು ಅದು ಎಂದು ನೀನು ತಿಳಿದ ಹಾಗಿತ್ತು. ನಾನೂ ಒಂದು ಕಾಲಕ್ಕೆ ಹಾಗೇ ತಿಳಿದಿದ್ದೆ. ನಿನ್ನಂತೆಯೇ ಮೂವತ್ತು ದಾಟಿ, ಮುಂದೇನು ಎಂದು ಕೂತವರು ಇನ್ನೂ ಹಲವರಿದ್ದಾರೆ. ಅವರೂ ಓದಲಿ ಎಂದು ಇದನ್ನು ಪತ್ರಿಕೆಗೆ ಕಳಿಸುತ್ತಿದ್ದೇನೆ. ನಿನ್ನ ಹೆಸರು ಬರೆದಿಲ್ಲ.

ಮೊದಲು ನನ್ನ ಕಥೆ ಹೇಳುತ್ತೇನೆ. ನಾನು ಫ್ಯಾಕ್ಟರಿ ಟೀಮಿನಲ್ಲಿ ಹದಿನಾಲ್ಕು ವರ್ಷ ಮಿಡ್‌ಫೀಲ್ಡ್ ಆಡಿದವನು ಎಂಬುದು ನಿನಗೆ ಗೊತ್ತು. ಆಟ ನಿಲ್ಲಿಸಿದ ಮೂರನೇ ವಾರಕ್ಕೆ ಆಸ್ಟಿನ್ ಟೌನಿನ ಮೈದಾನದಲ್ಲಿ ಬೆಳಗ್ಗೆ ಹುಡುಗರಿಗೆ ಕಲಿಸಲು ನಿಂತೆ. ಮೇಲಿನಿಂದ ಬೀಳುವ ಚೆಂಡನ್ನು ಪಾದದ ಮೇಲೆ ಹಿಡಿಯುವುದು ಅವತ್ತಿನ ಪಾಠ. ಅದು ನನಗೆ ಚೆನ್ನಾಗಿ ಬರುತ್ತಿತ್ತು. ಎತ್ತರಕ್ಕೆ ಒದೆದು ಹಿಡಿದೆ, ಎಡಗಾಲಲ್ಲಿ ಹಿಡಿದೆ, ತಿರುಗಿ ಹಿಡಿದೆ. ಹುಡುಗರು ಬಾಯಿ ತೆರೆದು ನೋಡಿದರು. ಮುಕ್ಕಾಲು ಗಂಟೆ ಹಾಗೇ ಹೋಯಿತು. ಮೈದಾನ ನೋಡಿಕೊಳ್ಳುತ್ತಿದ್ದ ವಯಸ್ಸಾದವರೊಬ್ಬರು ನೀರಿನ ಪೈಪು ಸುತ್ತುತ್ತಾ ಬಂದು ಕೇಳಿದರು: "ಇವತ್ತು ಪ್ರಾಕ್ಟೀಸು ಯಾರಿಗಾಯ್ತು ಸಾರ್?"

ನನಗೆ ಮುಖ ಎಲ್ಲಿ ಇಟ್ಟುಕೊಳ್ಳಬೇಕೋ ತಿಳಿಯಲಿಲ್ಲ. ಆ ಹುಡುಗರಲ್ಲಿ ಒಬ್ಬನ ಕಾಲಿಗೂ ಚೆಂಡು ಸರಿಯಾಗಿ ಹತ್ತು ಸಲ ತಾಗಿರಲಿಲ್ಲ. ಮಾರನೆಯ ದಿನ ಒಬ್ಬ ಪುಟ್ಟವನು "ಸರ್, ಚೆಂಡು ಬಿದ್ದ ತಕ್ಷಣ ನನ್ನ ಕಾಲಿಂದ ಹಾರಿ ಹೋಗ್ತದೆ, ಯಾಕೆ?" ಎಂದು ಕೇಳಿದಾಗ ಉತ್ತರ ನನ್ನ ಬಾಯಿಗೆ ಬರಲಿಲ್ಲ. ಹದಿನಾಲ್ಕು ವರ್ಷ ನನ್ನ ಕಾಲು ಮಾಡುತ್ತಿದ್ದ ಕೆಲಸಕ್ಕೆ ನನ್ನಲ್ಲಿ ಮಾತೇ ಇರಲಿಲ್ಲ. ತಾಗುವ ಕ್ಷಣಕ್ಕೆ ಪಾದವನ್ನು ಒಂದಿಷ್ಟು ಕೆಳಗೆ ಬಿಡಬೇಕು, ಕೈಯಲ್ಲಿ ಮೊಟ್ಟೆ ಹಿಡಿಯುವಾಗ ಕೈ ಹಿಂದೆ ಸರಿಯುವ ಹಾಗೆ. ಈ ಒಂದು ವಾಕ್ಯ ಸಿಗಲು ನನಗೆ ಎರಡು ತಿಂಗಳು ಬೇಕಾಯಿತು. ಅಲ್ಲಿಂದಾಚೆ ಕೋಚಿಂಗ್ ಎಂದರೆ ನನ್ನ ಕಾಲಿನಲ್ಲಿರುವುದನ್ನು ಇನ್ನೊಬ್ಬನ ಕಾಲಿಗೆ ದಾಟಿಸುವ ಕೆಲಸ ಎಂದು ಅರ್ಥವಾಯಿತು. ಅದನ್ನು ದಾಟಿಸುವ ದೋಣಿಯನ್ನು ನಮ್ಮ ಆಟದ ದಿನಗಳಲ್ಲಿ ಯಾರೂ ಕಟ್ಟಿಕೊಟ್ಟಿರುವುದಿಲ್ಲ.

ಕಾರ್ಲ್ಟನ್ ಚಾಪ್‌ಮನ್ ಅವರನ್ನು ನೀನು ಆಟಗಾರನಾಗಿ ನೋಡಿರಲಾರೆ, ನೀನಾಗ ಇನ್ನೂ ಚಿಕ್ಕವನು. ಇದೇ ಆಸ್ಟಿನ್ ಟೌನಿನ ಹುಡುಗ ಆತ. ಜಮ್ಶೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿಯಲ್ಲಿ ಪಳಗಿ, 1993ರಲ್ಲಿ ಕೋಲ್ಕತ್ತದ ಈಸ್ಟ್ ಬೆಂಗಾಲ್ ಸೇರಿ, ಅದೇ ವರ್ಷ ಏಷ್ಯನ್ ಕಪ್ ವಿನ್ನರ್ಸ್ ಕಪ್‌ನಲ್ಲಿ ಇರಾಕಿನ ಅಲ್ ಜವ್ರಾ ವಿರುದ್ಧ ಹ್ಯಾಟ್ರಿಕ್ ಹೊಡೆದವರು. ಈಸ್ಟ್ ಬೆಂಗಾಲ್ 6–2ರಿಂದ ಗೆದ್ದ ಆ ಸಂಜೆಯ ಮಾತು ನಮ್ಮ ಮೈದಾನದಲ್ಲಿ ತಿಂಗಳುಗಟ್ಟಲೆ ನಡೆಯಿತು. ಅಲ್ಲಿಂದ ಪಂಜಾಬಿನ ಜೆಸಿಟಿಗೆ ಹೋದರು. ವಿಜಯನ್, ಬೈಚುಂಗ್ ಭುಟಿಯಾ, ಚಾಪ್‌ಮನ್ ಮೂವರೂ ಇದ್ದ ಆ ತಂಡ 1996–97ರಲ್ಲಿ ಮೊಟ್ಟಮೊದಲ ನ್ಯಾಷನಲ್ ಫುಟ್‌ಬಾಲ್ ಲೀಗ್ ಗೆದ್ದಿತು. ಆಮೇಲೆ ಎಫ್‌ಸಿ ಕೊಚ್ಚಿನ್, ಮತ್ತೆ ಈಸ್ಟ್ ಬೆಂಗಾಲ್. 2001ರಲ್ಲಿ ಈಸ್ಟ್ ಬೆಂಗಾಲ್ ಲೀಗ್ ಗೆದ್ದಾಗ ನಾಯಕ ಇವರೇ. ಭಾರತ ತಂಡವನ್ನೂ ಮುನ್ನಡೆಸಿದವರು.

ಇಷ್ಟೆಲ್ಲ ಆದಮೇಲೆ ಆತ ಎಲ್ಲಿಗೆ ಹೋದರು ನೋಡು. ತಾನು ಕಲಿತ ಟಾಟಾ ಅಕಾಡೆಮಿಗೇ ಹುಡುಗರಿಗೆ ಕಲಿಸಲು ಹೋದರು. ಆಮೇಲೆ ಶಿಲ್ಲಾಂಗಿನ ರಾಯಲ್ ವಾಹಿಂಗ್‌ಡೋ, ಕೋಲ್ಕತ್ತದ ಭವಾನಿಪುರ, ನಮ್ಮ ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್, ದೆಹಲಿಯ ಸುದೇವಾ, ಕೋಳಿಕ್ಕೋಡಿನ ಕ್ವಾರ್ಟ್ಜ್. ಲಕ್ಷ ಜನ ಕೂಗುತ್ತಿದ್ದ ಸಾಲ್ಟ್ ಲೇಕ್ ಸ್ಟೇಡಿಯಮ್ಮಿನಿಂದ ಬಂದವರು, ಅಂಚಿನಲ್ಲಿ ನಾಲ್ಕು ಜನ ಅಪ್ಪಂದಿರು ನಿಂತಿರುವ ಮೈದಾನಗಳಲ್ಲಿ ಕೋನ್ ಇಟ್ಟು ಕೆಲಸ ಮಾಡಿದರು. 2020ರ ಅಕ್ಟೋಬರ್ 12ರಂದು ಬೆಂಗಳೂರಿನಲ್ಲೇ ತೀರಿಕೊಂಡಾಗ ಅವರಿಗೆ ನಲವತ್ತೊಂಬತ್ತು. ಪತ್ರಿಕೆಗಳು ಹ್ಯಾಟ್ರಿಕ್ಕನ್ನು ನೆನೆದವು, ನೆನೆಯಬೇಕಾದದ್ದೇ. ನಾನು ಮಾತ್ರ ಆ ಎರಡನೇ ಪಟ್ಟಿಯನ್ನೇ ಮತ್ತೆ ಮತ್ತೆ ಓದುತ್ತೇನೆ. ಆಡುವಾಗ ಊರೂರು ಸುತ್ತಿದವನು ಕಲಿಸುವಾಗಲೂ ಊರೂರು ಸುತ್ತಬೇಕಾಗುತ್ತದೆ ತಮ್ಮಾ. ಎರಡನೇ ಸುತ್ತಿನಲ್ಲಿ ಹೂವಿನ ಹಾರ ಇರುವುದಿಲ್ಲ. ಇದಕ್ಕೆ ನಿನ್ನ ಮನಸ್ಸು ಒಪ್ಪುತ್ತದೆಯೇ ಎಂದು ಇನ್ನೊಂದು ತಿಂಗಳು ಯೋಚನೆ ಮಾಡು. ಮನೆಯವರನ್ನೂ ಕೂರಿಸಿಕೊಂಡು ಕೇಳು. ನಿನ್ನ ಮಗಳು ಶಾಲೆಗೆ ಸೇರಿದ್ದಾಳೆ, ಈಗ ಊರು ಬದಲಿಸುವುದು ನಿನ್ನೊಬ್ಬನ ಮಾತಲ್ಲ.

ಇನ್ನು ಆಶ್ಲಿ ವೆಸ್ಟ್‌ವುಡ್. ಅವರನ್ನು ನಾವು ಬಹಳ ಹತ್ತಿರದಿಂದ ನೋಡಿದೆವು. ಮ್ಯಾಂಚೆಸ್ಟರ್ ಯುನೈಟೆಡ್‌ನ ಕಿರಿಯರ ತಂಡದಲ್ಲಿ ಬೆಳೆದೂ ಮೊದಲ ತಂಡಕ್ಕೆ ಆಡದ ಡಿಫೆಂಡರ್. ಕ್ರೂ, ಬ್ರಾಡ್‌ಫರ್ಡ್, ಶೆಫೀಲ್ಡ್ ವೆನ್ಸ್‌ಡೇ, ನಾರ್ಥಾಂಪ್ಟನ್, ಚೆಸ್ಟರ್, ಸ್ಟೀವನೇಜ್, ರೆಕ್ಸಮ್ ಎಂದು ಇಂಗ್ಲೆಂಡಿನ ಮೇಲಿನ ಕೆಳಗಿನ ಡಿವಿಷನ್‌ಗಳನ್ನೆಲ್ಲ ಸುತ್ತಿದ ಆಟಗಾರ. ಬ್ಲ್ಯಾಕ್‌ಬರ್ನ್‌ನಲ್ಲಿ ಸಹಾಯಕರಾಗಿದ್ದವರು 2013ರಲ್ಲಿ ಇಲ್ಲಿಗೆ ಬಂದಾಗ ಬೆಂಗಳೂರು ಎಫ್‌ಸಿಗೆ ಇನ್ನೂ ಬಾಲಾರಿಷ್ಟ ಕಳೆದಿರಲಿಲ್ಲ. ಅಶೋಕನಗರದ ನಮ್ಮ ಹಳೇ ಫುಟ್‌ಬಾಲ್ ಸ್ಟೇಡಿಯಮ್ಮಿನಲ್ಲಿ ಆಟ. ಬೇರೆ ಕ್ಲಬ್ಬುಗಳು ಕೈಬಿಟ್ಟ ಹುಡುಗರು ಹಲವರು ಆ ತಂಡದಲ್ಲಿದ್ದರು. ಅವರ ತಿಂಡಿ ಊಟ, ನಿದ್ದೆ, ಓಟ ಎಲ್ಲಕ್ಕೂ ಲೆಕ್ಕ ಬಂತು. 2014ರ ಏಪ್ರಿಲ್ 21ರಂದು ಮಡಗಾಂವಿನಲ್ಲಿ ಡೆಂಪೋವನ್ನು 4–2ರಿಂದ ಸೋಲಿಸಿ, ಕಣಕ್ಕಿಳಿದ ಮೊದಲ ವರ್ಷವೇ ಐ ಲೀಗ್ ಗೆದ್ದರು. 2015–16ರಲ್ಲಿ ಇನ್ನೊಮ್ಮೆ ಗೆದ್ದರು.

ಅವರು ಬಂದ ಹೊಸದರಲ್ಲಿ ನನ್ನ ಜೊತೆಯ ಕೆಲವರು ಮೂಗು ಮುರಿದಿದ್ದರು. ದೊಡ್ಡ ಆಟಗಾರನಲ್ಲ, ಕೆಳಗಿನ ಡಿವಿಷನ್ನಿನವನು ಎಂದರು. ನನಗೆ ಅನ್ನಿಸಿದ್ದು ಬೇರೆ. ಮ್ಯಾಂಚೆಸ್ಟರಿನಂಥ ಕಡೆ ಮೊದಲ ತಂಡಕ್ಕೆ ಏರಲಾಗದವನಿಗೆ, ಕ್ಲಬ್ಬಿನಿಂದ ಕ್ಲಬ್ಬಿಗೆ ಅಲೆದವನಿಗೆ, ತಂಡದ ಇಪ್ಪತ್ತೈದನೇ ಆಟಗಾರನ ಹೊಟ್ಟೆಯುರಿ ಗೊತ್ತಿರುತ್ತದೆ. ಸದಾ ಮೊದಲ ಹನ್ನೊಂದರಲ್ಲಿ ಆಡಿದವನಿಗೆ ಅದು ಗೊತ್ತಿರುವುದಿಲ್ಲ. ಒಂದು ಸೀಸನ್ನು ಗೆಲ್ಲುವುದೋ ಸೋಲುವುದೋ ಎಷ್ಟೋ ಸಲ ಆ ಇಪ್ಪತ್ತೈದನೆಯವನು ಡ್ರೆಸ್ಸಿಂಗ್ ರೂಮಿನಲ್ಲಿ ಹೇಗಿದ್ದಾನೆ ಎನ್ನುವುದರಲ್ಲಿ ತೀರ್ಮಾನವಾಗುತ್ತದೆ.

ಮುಂದಿನದು ನಮಗೆ ನೋವಿನ ಭಾಗ. ಅದೇ ವೆಸ್ಟ್‌ವುಡ್ 2024ರ ಮಾರ್ಚ್‌ನಲ್ಲಿ ಅಫ್ಘಾನಿಸ್ತಾನದ ಕೋಚ್ ಆಗಿ ಗುವಾಹಟಿಗೆ ಬಂದು, ಸುನಿಲ್ ಛೆಟ್ರಿಯ 150ನೇ ಅಂತರರಾಷ್ಟ್ರೀಯ ಪಂದ್ಯದ ದಿನವೇ ಭಾರತವನ್ನು 2–1ರಿಂದ ಸೋಲಿಸಿದರು. 2025ರ ಜೂನ್‌ನಲ್ಲಿ ಹಾಂಗ್‌ಕಾಂಗ್ ಕೋಚ್ ಆಗಿ ಮತ್ತೆ 1–0. ನಾನು ಟಿವಿ ಮುಂದೆ ಕೂತು ಸಂಕಟಪಟ್ಟೆ. ಆದರೂ ಒಪ್ಪಬೇಕು: ನಮ್ಮ ಆಟಗಾರರು ಎಪ್ಪತ್ತನೇ ನಿಮಿಷ ದಾಟಿದಮೇಲೆ ಹೇಗಾಗುತ್ತಾರೆ ಎಂದು ಆತ ಬೆಂಗಳೂರಿನಲ್ಲಿ ದಿನಾ ಬೆಳಗ್ಗೆ ನೋಡಿದ್ದರು. ತಾನು ಹೋದ ಊರಿನ ಜನರನ್ನು ಕಣ್ಣಿಟ್ಟು ನೋಡಿ ತಲೆಯಲ್ಲಿ ಕಟ್ಟಿಕೊಂಡು ಹೋದ ಮನುಷ್ಯ. ನೀನು ಗೋವಾ, ಮುಂಬೈ, ಕೋಲ್ಕತ್ತ, ಶಿಲ್ಲಾಂಗ್, ಕೋಳಿಕ್ಕೋಡು ಎಂದು ಹದಿನೈದು ವರ್ಷ ತಿರುಗಿದ್ದೀಯ. ಏನು ಕಟ್ಟಿಕೊಂಡು ಬಂದೆ? ಮೆಡಲು, ಫೋಟೊ, ಜೆರ್ಸಿ ನನಗೆ ಬೇಡ.

ಒಂದು ದಪ್ಪ ನೋಟ್‌ಬುಕ್ ತೆಗೆದುಕೊಂಡು ಕೂತು ಬರೆ. ನೀನು ಕೈಕೆಳಗೆ ಆಡಿದ ಒಬ್ಬೊಬ್ಬ ಕೋಚ್‌ಗೂ ನಾಲ್ಕು ಪುಟ. ಸೋತ ಪಂದ್ಯದ ಹಾಫ್ ಟೈಮಿನಲ್ಲಿ ಬಾಗಿಲು ಹಾಕಿದಮೇಲೆ ಮೊದಲ ಮಾತು ಏನಾಡಿದರು? ನಿನ್ನನ್ನು ತಂಡದಿಂದ ಕೈಬಿಟ್ಟಾಗ ಮುಖ ನೋಡಿ ಹೇಳಿದರೋ, ಗೋಡೆಗೆ ಅಂಟಿಸಿದ ಪಟ್ಟಿಯಲ್ಲಿ ನೀನೇ ಹುಡುಕಿಕೊಂಡೆಯೋ? ಕೇರಳದಲ್ಲಿ ಭಾಷೆ ಬಾರದೆ ಮೊದಲ ವಾರ ಒಬ್ಬನೇ ಊಟ ಮಾಡಿದೆ ಎಂದು ಹೇಳಿದ್ದೆಯಲ್ಲ, ಆಗ ನಿನ್ನ ಪಕ್ಕ ತಟ್ಟೆ ತಂದು ಕೂತವನು ಯಾರು? ಅವನನ್ನು ಹಾಗೆ ಕೂರಲು ಯಾರಾದರೂ ಕಳಿಸಿದ್ದರೇ? ಹತ್ತು ಡ್ರೆಸ್ಸಿಂಗ್ ರೂಮುಗಳಿಗೆ ಹೊಸಬನಾಗಿ ಹೋದವನು ನೀನು. ಒಂದೇ ಊರಲ್ಲಿ ಆಡಿದ ನನಗೆ ಆ ಆಸ್ತಿ ಇಲ್ಲ. ನಾಳೆ ಮಣಿಪುರದಿಂದಲೋ ಬೀದರಿನಿಂದಲೋ ಹದಿನಾರರ ಹುಡುಗನೊಬ್ಬ ಟ್ರಂಕು ಹಿಡಿದು ನಿನ್ನ ಹಾಸ್ಟೆಲಿಗೆ ಬಂದಾಗ ಅವನಿಗೆ ಮೊದಲ ರಾತ್ರಿ ಏನು ಬೇಕು ಎಂದು ನಿನಗೆ ತಕ್ಷಣ ತಿಳಿಯಬೇಕು. ನೀನು ಅಲ್ಲಿ ಇಲ್ಲಿ ಕಲಿತ ಚೂರುಪಾರು ಬಂಗಾಳಿ, ಮಲಯಾಳಂ, ಕೊಂಕಣಿ, ಖಾಸಿ ಮಾತುಗಳನ್ನು ಮರೆಯಬೇಡ. ನಮ್ಮ ಮೈದಾನದಲ್ಲೇ ನೋಡು, ಕನ್ನಡದಲ್ಲಿ ಶುರುವಾದ ಮಾತು ತಮಿಳು ಉರ್ದು ದಾಟಿ ಇಂಗ್ಲಿಷಿನಲ್ಲಿ ಮುಗಿಯುತ್ತದೆ. ಹುಡುಗನನ್ನು ಅವನ ಮನೆಮಾತಿನಲ್ಲಿ ಒಂದು ಸಲ ಕರೆದರೆ ಅವನು ಇನ್ನೊಂದು ರೌಂಡು ಓಡುತ್ತಾನೆ.

ಕೋಚಿಂಗ್ ಲೈಸೆನ್ಸಿನ ವಿಷಯ ಚುಟುಕಾಗಿ ಹೇಳಿಬಿಡುತ್ತೇನೆ. ಡಿ, ಸಿ, ಬಿ, ಎ, ಪ್ರೊ ಎಂದು ಮೆಟ್ಟಿಲುಗಳಿವೆ. ಇಂಡಿಯನ್ ಸೂಪರ್ ಲೀಗಿನಲ್ಲಿ (ಐಎಸ್‌ಎಲ್) ಮುಖ್ಯ ಕೋಚ್ ಆಗಲು ಪ್ರೊ ಬೇಕು. ಒಂದು ಮೆಟ್ಟಿಲಿನಿಂದ ಮುಂದಿನದಕ್ಕೆ ಹೋಗುವ ಮುಂಚೆ ಕೋಚಿಂಗ್ ಮಾಡಿದ ಅನುಭವ ತೋರಿಸಬೇಕು. ಹಾಗಾಗಿ ವರ್ಷಗಳು ಹಿಡಿಯುತ್ತವೆ, ದುಡ್ಡೂ ಖರ್ಚಾಗುತ್ತದೆ. "ದೇಶಕ್ಕೆ ಆಡಿದವನು ನಾನು, ಡಿ ಲೈಸೆನ್ಸಿಗೆ ಶಾಲೆಯ ಪಿಟಿ ಮೇಷ್ಟ್ರ ಪಕ್ಕ ಕೂರಬೇಕಾ?" ಎಂದು ಕೇಳಿದವರನ್ನು ನೋಡಿದ್ದೇನೆ. ಕೂರಬೇಕು. ಮಕ್ಕಳನ್ನು ಸಾಲು ನಿಲ್ಲಿಸುವುದು, ಅಳುವವನನ್ನು ಸುಮ್ಮನಾಗಿಸುವುದು, ಕೂಗದೆ ಮೂವತ್ತು ಜನರಿಗೆ ಕೇಳಿಸುವುದು ಆ ಮೇಷ್ಟ್ರಿಗೆ ನಿನಗಿಂತ ಚೆನ್ನಾಗಿ ಬರುತ್ತದೆ. ಭಾರತದ ಅತಿ ದೊಡ್ಡ ಕೋಚ್ ಸೈಯದ್ ಅಬ್ದುಲ್ ರಹೀಮ್ ಹೈದರಾಬಾದಿನ ಶಾಲಾ ಮೇಷ್ಟ್ರೇ ಆಗಿದ್ದರು.

ರಹೀಮ್ ಸಾಹೇಬರ ಹೆಸರು ಬಂದಮೇಲೆ ಒಂದು ವಿಷಯ ಹೇಳದೆ ಮುಂದೆ ಹೋಗಲಾರೆ. 1962ರ ಜಕಾರ್ತ ಏಷ್ಯನ್ ಗೇಮ್ಸ್ ನೆನಪಿಸಿಕೋ. ನಮ್ಮ ಸ್ಟಾಪರ್ ಜರ್ನೈಲ್ ಸಿಂಗ್ ತಲೆಗೆ ಪೆಟ್ಟಾಗಿ ಹೊಲಿಗೆ ಹಾಕಿಸಿಕೊಂಡಿದ್ದರು. ಅವರನ್ನು ರಹೀಮ್ ಹಿಂದಿನಿಂದ ತೆಗೆದು ಸೆಂಟರ್ ಫಾರ್ವರ್ಡ್ ಮಾಡಿದರು. ಸೆಮಿಫೈನಲ್ ಗೆದ್ದೆವು. ಫೈನಲ್‌ನಲ್ಲಿ ದಕ್ಷಿಣ ಕೊರಿಯಾ ವಿರುದ್ಧ ಪಿ.ಕೆ. ಬ್ಯಾನರ್ಜಿ ಒಂದು, ಜರ್ನೈಲ್ ಒಂದು ಗೋಲು ಹೊಡೆದರು. 2–1, ಚಿನ್ನ. ನಮ್ಮ ಬೆಂಗಳೂರಿನ ಅರುಮೈನಾಯಗಂ ಕೂಡ ಆ ತಂಡದಲ್ಲಿದ್ದರು. ರಹೀಮ್ ಸ್ವತಃ ಕ್ಯಾನ್ಸರ್ ಹೊತ್ತುಕೊಂಡೇ ಅಲ್ಲಿದ್ದವರು. ಮರುವರ್ಷ ಜೂನ್‌ನಲ್ಲಿ ಹೋಗಿಬಿಟ್ಟರು. ಒಬ್ಬ ಆಟಗಾರನಲ್ಲಿ ಬೇರೆಯವರಿಗೆ ಕಾಣದ್ದನ್ನು ಕಂಡ ಆ ಕಣ್ಣು ನಿನಗೂ ಬರಲಿ ಎಂದು ನಾನು ಮನಸಾರೆ ಹಾರೈಸುತ್ತೇನೆ. ಆದರೆ ಹೊಲಿಗೆ ಹಾಕಿದ ತಲೆಯನ್ನು ಆಡಿಸಿದ್ದನ್ನು ಅನುಕರಿಸಬೇಡ. ಅದು ಆ ಕಾಲ. ಈಗ ತಲೆಗೆ ಪೆಟ್ಟು ಬಿದ್ದರೆ ಹೆಚ್ಚುವರಿ ಬದಲಿ ಆಟಗಾರನನ್ನು ಇಳಿಸಲು ಆಟದ ನಿಯಮದಲ್ಲೇ ಅವಕಾಶವಿದೆ.

ನಿನ್ನ ಮೊಣಕಾಲು ಹೀಗಾದದ್ದು ಹೇಗೆ ಎಂದು ನಿನಗೂ ಗೊತ್ತು, ನನಗೂ ಗೊತ್ತು. ಯಾವ ಕ್ಲಬ್ಬು ಎನ್ನುವುದು ಇಲ್ಲಿ ಬೇಡ. ಊತ ಇಳಿಯುವ ಮುಂಚೆ ಇಂಜೆಕ್ಷನ್ ಕೊಟ್ಟು ಮೈದಾನಕ್ಕಿಳಿಸಿದರು. "ಒಂದೇ ಮ್ಯಾಚು, ಇದೊಂದು ಆಡಿಬಿಡು" ಎಂದರು. ನೀನು ಆಡಿದೆ, ಯಾಕೆಂದರೆ ಬೇಡ ಎಂದರೆ ಮುಂದಿನ ಸೀಸನ್ನಿಗೆ ಕರೆಯಲಾರರು ಎಂಬ ಭಯ. ನಾನೂ ಹಾಗೇ ಆಡಿದವನು, ಇವತ್ತಿಗೂ ಮೆಟ್ಟಿಲಿಳಿಯುವಾಗ ಕಂಬಿ ಹಿಡಿಯುತ್ತೇನೆ. ಮುಂದೊಂದು ದಿನ ಮ್ಯಾನೇಜರ್ ನಿನ್ನ ಕಿವಿಯಲ್ಲಿ ಅದೇ ಮಾತನ್ನು ಹೇಳುತ್ತಾನೆ, ನಿನ್ನ ಕೆಲಸವೂ ಅದೇ ಪಂದ್ಯದ ಮೇಲೆ ನಿಂತಿರುತ್ತದೆ. ಆಗ ನೀನು "ಆಗೋದಿಲ್ಲ" ಎನ್ನಬೇಕು. ಈ ಪತ್ರದಲ್ಲಿ ಬೇರೆ ಯಾವುದನ್ನು ಮರೆತರೂ ಇದನ್ನು ಮರೆಯಬೇಡ. ಇದನ್ನು ಮಾಡಲಾರೆ ಅನ್ನಿಸಿದರೆ ಈ ಕೆಲಸಕ್ಕೆ ಬರಲೇಬೇಡ, ನಾನೇ ಕೈಮುಗಿದು ಕೇಳಿಕೊಳ್ಳುತ್ತೇನೆ.

ಇನ್ನೊಂದು ವರ್ಷ ಆಡುತ್ತಲೇ ಕೋಚಿಂಗ್ ಮಾಡಬಹುದಾ ಎಂದೂ ನೀನು ಕೇಳಿದ್ದೆ. ಉರುಗ್ವೆಯ ಸೆಬಾಸ್ಟಿಯನ್ ಅಬ್ರೆಯು ಹಾಗೆ ಮಾಡಿದರು. 2017ರಲ್ಲಿ ಇಪ್ಪತ್ತಾರನೇ ಕ್ಲಬ್ ಸೇರಿ ಗಿನ್ನೆಸ್ ದಾಖಲೆ ಬರೆದ ಮನುಷ್ಯ, ಆಮೇಲೆ ಎಲ್ ಸಾಲ್ವಡಾರ್‌ನ ಸಾಂತಾ ಟೆಕ್ಲಾ ತಂಡದಲ್ಲಿ ಆಟಗಾರನೂ ಅವರೇ, ಕೋಚೂ ಅವರೇ. ನನ್ನ ಅಭಿಪ್ರಾಯ ಕೇಳಿದರೆ ನಿನಗೆ ಅದು ಬೇಡ. ಮೈದಾನದೊಳಗೆ ಇರುವವನಿಗೆ ಚೆಂಡು ಕಾಣುತ್ತದೆ. ಗೆರೆಯಾಚೆ ನಿಂತವನು ಚೆಂಡಿಲ್ಲದ ಇಪ್ಪತ್ತೊಂದು ಜನರನ್ನು ನೋಡಲು ಕಲಿಯಬೇಕು. ಕಣ್ಣಿಗೆ ಆ ಅಭ್ಯಾಸ ಹತ್ತಬೇಕಾದರೆ ಬೂಟು ಪೂರ್ತಿ ಬಿಚ್ಚಿಡಬೇಕು. ಪಂದ್ಯ ನೋಡಲು ಹೋದಾಗ ಹತ್ತು ನಿಮಿಷ ಬರೀ ಲೆಫ್ಟ್ ಬ್ಯಾಕ್ ಒಬ್ಬನನ್ನೇ ನೋಡು. ಮೊದಮೊದಲು ಮೈ ಪರಚಿಕೊಳ್ಳುವಷ್ಟು ಕಷ್ಟ. ನಾಲ್ಕನೇ ಪಂದ್ಯಕ್ಕೆ ಅವನು ಯಾವಾಗ ತಡವಾಗಿ ತಿರುಗುತ್ತಾನೆ ಎಂದು ಅವನಿಗಿಂತ ಮುಂಚೆ ನಿನಗೆ ತಿಳಿಯುತ್ತದೆ.

ಸಂಬಳದ ಮಾತು. ನನಗೆ ಒಂದು ಕಡೆ ಎರಡು ತಿಂಗಳ ಸಂಬಳ ಬರಲೇ ಇಲ್ಲ. ಬಾಯಿ ಮಾತಿನ ಮೇಲೆ ಒಪ್ಪಿಕೊಂಡಿದ್ದೆ, ಕೇಳಲು ಕೈಯಲ್ಲಿ ಕಾಗದವಿರಲಿಲ್ಲ. 2025ರ ಜುಲೈನಲ್ಲಿ ಐಎಸ್‌ಎಲ್ ಹೊಸ ಸೀಸನ್ನನ್ನೇ ತಡೆಹಿಡಿದಾಗ ದೊಡ್ಡ ದೊಡ್ಡ ಆಟಗಾರರೂ ಕಂಗಾಲಾದದ್ದನ್ನು ನೀನು ನೋಡಿದ್ದೀಯ. ಕೋಚ್ ಆದವನ ನೆಲ ಇನ್ನೂ ತೆಳು. ತಂಡ ಸೋತರೆ ಇಪ್ಪತ್ತೈದು ಜನರನ್ನು ಬದಲಿಸಲಾಗುವುದಿಲ್ಲ, ಒಬ್ಬನನ್ನು ಬದಲಿಸುತ್ತಾರೆ. ಖಾಲಿದ್ ಜಮೀಲ್ ಅವರನ್ನೇ ನೋಡು. ಗಾಯದಿಂದ ಆಟ ಬೇಗ ಮುಗಿಯಿತು. ಮುಂಬೈ ಎಫ್‌ಸಿಯಲ್ಲಿ ಏಳು ವರ್ಷ ಕೋಚ್ ಆಗಿದ್ದು 2016ರಲ್ಲಿ ಹೊರಬಂದರು. ಮಿಜೋರಾಮಿನ ಐಜ್ವಾಲ್ ಎಂಬ ಸಣ್ಣ ಕ್ಲಬ್ ಸೇರಿ, ಮರುವರ್ಷವೇ ಅದನ್ನು ಐ ಲೀಗ್ ಚಾಂಪಿಯನ್ ಮಾಡಿದರು. ಭಾರತ ತಂಡದ ಕೋಚ್ ಪಟ್ಟ ಬಂದದ್ದು 2025ರ ಆಗಸ್ಟ್‌ನಲ್ಲಿ. ಲೆಕ್ಕ ಹಾಕು, ಕೋಚಿಂಗಿಗೆ ಕಾಲಿಟ್ಟು ಹದಿನಾರು ವರ್ಷ. ಅಷ್ಟು ದಿನ ಮನೆ ನಡೆಯಬೇಕಲ್ಲ. ಕೈಯಲ್ಲಿರುವ ಉಳಿತಾಯವನ್ನು ಅಕಾಡೆಮಿ ತೆರೆಯುತ್ತೇನೆಂದು ಟರ್ಫಿನ ಬಾಡಿಗೆಗೆ ಸುರಿಯಬೇಡ. ಎಲ್ಲಿ ಸೇರಿದರೂ ಲಿಖಿತದಲ್ಲಿ ಪಡೆ.

ನಮ್ಮ ರಾಜ್ಯಕ್ಕೆ ನಿನ್ನಂಥವರು ಬೇಕು ಎನ್ನುವುದೂ ನಿಜ. ಕರ್ನಾಟಕ 1968–69ರಲ್ಲಿ, ಇನ್ನೂ ಮೈಸೂರು ಎಂಬ ಹೆಸರಿದ್ದಾಗ, ಸಂತೋಷ್ ಟ್ರೋಫಿ ಗೆದ್ದಮೇಲೆ ಮತ್ತೆ ಗೆಲ್ಲಲು 2023ರ ಮಾರ್ಚ್‌ವರೆಗೆ ಕಾಯಬೇಕಾಯಿತು. ರಿಯಾದ್‌ನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿದ ಆ ರಾತ್ರಿ ನಾನು ಅತ್ತೆ. ಆ ಐವತ್ನಾಲ್ಕು ವರ್ಷಗಳಲ್ಲಿ ಗೌತಮಪುರದ ಗಲ್ಲಿಗಳಲ್ಲಿ, ಮರ್ಫಿ ಟೌನಿನಲ್ಲಿ ಆಟ ಬಲ್ಲ ಹುಡುಗರಿಗೆ ಕೊರತೆ ಇರಲಿಲ್ಲ. ಐಟಿಐ, ಎಚ್‌ಎಎಲ್ ತಂಡಗಳು ದೇಶದ ಲೀಗಿನಲ್ಲಿ ಆಡಿದವು. ಹತ್ತು ವರ್ಷದ ಮಗುವಿಗೆ ಎಂಟು ವರ್ಷ ಬಿಡದೆ ಕಲಿಸುವವರು ಮಾತ್ರ ಬೆರಳೆಣಿಕೆ. ಹದಿಮೂರಕ್ಕೇ ಮೀಸೆ ಚಿಗುರಿದ ಹುಡುಗನನ್ನು ಆರಿಸಿ, ಸಣಕಲನನ್ನು ಮನೆಗೆ ಕಳಿಸಿ, ಆ ವರ್ಷದ ಕಪ್ಪು ಗೆದ್ದೆವು. ಹದಿನೆಂಟಕ್ಕೆ ಆ ಸಣಕಲ ಏನಾಗುತ್ತಿದ್ದ ಎಂದು ನೋಡಲು ಅವನು ಮೈದಾನದಲ್ಲಿ ಇರಲಿಲ್ಲ. ನಾನೂ ಇಂಥ ತಪ್ಪು ಮಾಡಿದ್ದೇನೆ. ಎರಡು ಮುಖಗಳು ಈಗಲೂ ಕಣ್ಣಮುಂದೆ ಬರುತ್ತವೆ.

ಈ ಭಾನುವಾರ ಬೆಳಗ್ಗೆ ಆರೂವರೆಗೆ ಬಾ. ಹನ್ನೆರಡರ ಒಳಗಿನವರು ಹದಿನೆಂಟು ಜನ ಇದ್ದಾರೆ, ಚೆಂಡು ಒಂಬತ್ತಿವೆ. ಮೈದಾನದ ಕಾಲುಭಾಗ ಅಷ್ಟೇ ನಮಗೆ, ಉಳಿದದ್ದರಲ್ಲಿ ದೊಡ್ಡವರ ಪ್ರಾಕ್ಟೀಸು. ಯಾರೂ ಸಾಲಿನಲ್ಲಿ ಕಾಯಬಾರದು, ನಲವತ್ತು ನಿಮಿಷದಲ್ಲಿ ಪ್ರತಿಯೊಬ್ಬನ ಕಾಲಿಗೂ ಚೆಂಡು ನೂರು ಸಲವಾದರೂ ತಾಗಬೇಕು, ಪಾಸು ಬರುವ ಮುಂಚೆ ತಲೆ ತಿರುಗಿಸಿ ನೋಡುವುದನ್ನು ಅವರು ಕಲಿಯಬೇಕು. ಅದನ್ನು ಬಾಯಲ್ಲಿ ಹೇಳಬೇಡ. ಜಾಗವನ್ನು ಎಷ್ಟು ಚಿಕ್ಕದು ಮಾಡಿದರೆ ಅವರು ತಾವಾಗಿ ತಿರುಗಿ ನೋಡುತ್ತಾರೆ ಎಂದು ಶನಿವಾರ ರಾತ್ರಿ ಕಾಗದದ ಮೇಲೆ ಬರೆದುಕೊಂಡು ಬಾ. ವಿಸಿಲ್ ನಾನು ಕೊಡುತ್ತೇನೆ. ಸ್ಟಡ್ ಇರುವ ಬೂಟು ತರಬೇಡ, ಮಾಮೂಲಿ ಶೂ ಸಾಕು. ನಾನು ಅಂಚಿನಲ್ಲಿ ಕುರ್ಚಿ ಹಾಕಿಕೊಂಡು ಕೂತಿರುತ್ತೇನೆ, ಒಂದು ಮಾತೂ ಆಡುವುದಿಲ್ಲ. ಮುಗಿದಮೇಲೆ ಇಡ್ಲಿ ತಿನ್ನುತ್ತಾ ಮಾತಾಡೋಣ. ಮಗಳನ್ನೂ ಕರೆದುಕೊಂಡು ಬಾ, ಇಲ್ಲಿ ಅವಳ ವಯಸ್ಸಿನವರು ಮೂವರಿದ್ದಾರೆ.

ಇಂತಿ,
ನಿನ್ನ ಹಳೇ ಕೋಚ್